ಕಲ್ಲಿನ ಕೆಳಗಿನ ಇದ್ದಲು

ಇಂಕ್ ಪ್ಯಾಡಿನ ಮುಚ್ಚಳ ಟಪ್ಪೆಂದಿತು, ಆ ಸದ್ದಿಗೇ ಪಿಳ್ಳಪ್ಪನ ಕೈ ತನ್ನಷ್ಟಕ್ಕೆ ತಾನೇ ಎಡಗೆನ್ನೆಗೆ ಹೋಗಿ ಬಂತು — ಏನೂ ಇಲ್ಲ ಅಲ್ಲಿ, ಬೆಳಿಗ್ಗೆ ಅವಸರದಲ್ಲಿ ಹೆರೆದುಕೊಂಡ ಗಡ್ಡದ ಉರಿ ಬಿಟ್ಟರೆ ಏನೂ ಇಲ್ಲ — ಮುಂದಿನ ಮೇಜಿನ ಹತ್ತಿರ ಯಾವ ಊರಿನವನೋ ಒಬ್ಬ ಮುದುಕ ಹೆಬ್ಬೆಟ್ಟನ್ನು ಕಪ್ಪು ಮಸಿಗೆ ಒತ್ತಿ, ಕಾಗದಕ್ಕೆ ಒತ್ತಿ, ಮಿಕ್ಕ ಮಸಿಯನ್ನು ನೆತ್ತಿಯ ಬಿಳಿಕೂದಲಿಗೆ ಉಜ್ಜಿಕೊಂಡ, ಮುಗಿಯಿತು, ಅವನ ತಕರಾರು ಮುಗಿಯಿತು, ಇಷ್ಟು ಸುಲಭವೇ, ಒತ್ತಿ ಉಜ್ಜಿಕೊಂಡರೆ ಆಯಿತೇ, ಎಂದುಕೊಂಡು ಬೆಂಚಿನ ಮೇಲೆ ಹಿಂದಕ್ಕೆ ಸರಿದರೆ ಅಂಗಿಯ ಎದೆಯಲ್ಲಿ ಪಿನ್ನು ಚುಚ್ಚಿತು. ಅತ್ತಿಗೆಯ ಪಿನ್ನು. ಬೆಳಿಗ್ಗೆ ದೇವನಹಳ್ಳಿ ಬಸ್ ಸ್ಟ್ಯಾಂಡಿನಲ್ಲಿ ಇಳಿದಾಗ ಎದುರಿಗೇ ನಿಂತಿದ್ದಳು ದ್ಯಾವಮ್ಮ, ಸತ್ತ ಅಣ್ಣನ ಹೆಂಡತಿ, ದೊಡ್ಡಬಳ್ಳಾಪುರದ ಬಸ್ಸಿನಿಂದ ಆಗತಾನೇ ಇಳಿದವಳು, ನಾಲ್ಕು ವರ್ಷದಿಂದ ತನ್ನ ಎದುರುಪಾರ್ಟಿ, ಮುಖ ತಿರುಗಿಸಿಕೊಂಡು ಹೋಗಿದ್ದರೆ ಎಷ್ಟು ಚೆನ್ನಾಗಿತ್ತು, ಅವಳು ಹೋಗಲಿಲ್ಲ, ಏನೋ ಪಿಳ್ಳ ಗುಂಡಿ ಕಿತ್ತೋಗೈತಲ್ಲೋ, ಕೋರ್ಟಿಗೆ ಎದೆ ಬಿಟ್ಕೊಂಡು ಬಂದಿದೀಯಲ್ಲ, ಬಾ ಇಲ್ಲಿ ಅಂದವಳೇ ಬಳೆಗೆ ಸಿಕ್ಕಿಸಿಕೊಂಡಿದ್ದ ಪಿನ್ನು ತೆಗೆದು ನಡುಬೀದಿಯಲ್ಲಿ ಅವನ ಅಂಗಿಗೆ ಹಾಕಿದಳು, ಐವತ್ತೆಂಟು ವರ್ಷದ ಗಂಡಸು, ಶಾಲೆಗೆ ಹೊರಟ ಹುಡುಗನಂತೆ ಗಲ್ಲ ಮೇಲೆತ್ತಿಕೊಂಡು ನಿಂತಿದ್ದ. ಆ ಪಿನ್ನು ಆಗಿನಿಂದ ಚುಚ್ಚುತ್ತಲೇ ಇದೆ, ತೆಗೆದು ಜೇಬಿಗೆ ಹಾಕಿಕೊಳ್ಳಬಹುದು, ಹಾಕಿಕೊಳ್ಳುತ್ತಿಲ್ಲ.

ಇವತ್ತು ಲೋಕ ಅದಾಲತ್ತು, ಸರ್ಕಾರ ಕೈಗಾರಿಕೆಗೆಂದು ತೆಗೆದುಕೊಂಡ ಜಮೀನುಗಳ ಪರಿಹಾರದ ಜಗಳಗಳನ್ನೆಲ್ಲ ರಾಜಿಯಲ್ಲಿ ಮುಗಿಸುವ ದಿನ, ಕೋಣೆಯ ತುಂಬ ಒಗೆದ ಬಟ್ಟೆ, ಎಣ್ಣೆ ಹಚ್ಚಿದ ತಲೆ, ಪ್ಲಾಸ್ಟಿಕ್ ಕವರಿನಲ್ಲಿ ಪಹಣಿ, ಜನ ಮದುವೆಮನೆಗೆ ಬಂದವರ ಹಾಗೆ ಕಾಣುತ್ತಾರೆ, ಹತ್ತಿರ ಹೋಗಿ ನೋಡಿದರೆ ಅಣ್ಣ ಆ ಬೆಂಚು ತಮ್ಮ ಈ ಬೆಂಚು. ಇನ್ನು ಮೂರು ಹೆಸರು ಕೂಗಿದರೆ ನಾಲ್ಕನೆಯದು ತನ್ನದು. ಪಕ್ಕದಲ್ಲಿ ಮಗ ವಿಜಯ್ ಮೊಬೈಲು ತಿಕ್ಕುತ್ತ ಕೂತಿದ್ದಾನೆ, ತಲೆ ಎತ್ತದೆಯೇ ಅಪ್ಪ ಟೆನ್ಷನ್ ತಗೋಬೇಡ, ಜಡ್ಜ್ ಮೇಡಂ ಒಂದೇ ಒಂದು ಕೇಳ್ತಾರೆ, ಕಲ್ಲು ಇದ್ದ ಜಾಗದಲ್ಲೇ ಐತಾ ಅಂತ, ಹೌದು ಮೇಡಂ ಅನ್ನು, ಸೈನ್ ಹಾಕು, ಮನೆಗೋಗಣ ಅಂದ, ಪಾಪ ಅವನಿಗೇನು ಗೊತ್ತು, ಅವನು ನೋಡಿದ ಕಲ್ಲು ಅದೊಂದೇ, ಅವನ ಪಾಲಿಗೆ ಅದು ಹುಟ್ಟಿದ್ದೇ ಅಲ್ಲಿ. ಎರಡು ಬೆಂಚು ಮುಂದೆ ಅತ್ತಿಗೆಯ ಬೆನ್ನು ಕಾಣುತ್ತದೆ, ಬೆನ್ನು ಬಾಗಿದೆ, ಮಗ್ಗದ ಮನೆಯಲ್ಲಿ ನೂಲು ಸುತ್ತಿ ಸುತ್ತಿ ಬಾಗಿದ ಬೆನ್ನು, ನಿಮಿಷಕ್ಕೊಮ್ಮೆ ಕೆಮ್ಮುತ್ತಾಳೆ, ನೂಲಿನ ಧೂಳು ಎದೆಗೆ ಇಳಿದಿದೆಯಂತೆ, ಅವಳ ಪಕ್ಕ ಮಗಳು ರೂಪ, ರೂಪ ಇವತ್ತು ಒಂದು ಸಲವೂ ಹಿಂದಕ್ಕೆ ತಿರುಗಿ ನೋಡಿಲ್ಲ. ಬೇರೆಯವರ ಮಗ್ಗ ಬಾಡಿಗೆಗೆ ಹಿಡಿದು ನೇಯುತ್ತಾಳೆ ರೂಪ, ಈ ದುಡ್ಡು ಬಂದರೆ ಸ್ವಂತದ್ದು ಎರಡು ಮಗ್ಗ ಹಾಕಬೇಕು, ಅಮ್ಮನನ್ನು ಆ ಧೂಳಿನಿಂದ ಬಿಡಿಸಬೇಕು ಅಂತ ಲೆಕ್ಕ ಹಾಕಿದ್ದಳಂತೆ, ಕಲ್ಲು ಈಗಿರುವ ಜಾಗದ ಪ್ರಕಾರವಾದರೆ ಅವಳ ಪಾಲಿನಲ್ಲಿ ಐದು ಗುಂಟೆ ಕಮ್ಮಿ, ಐದು ಗುಂಟೆ ಕಮ್ಮಿಯಾದರೆ ಮಗ್ಗವೂ ಇಲ್ಲ, ಬಿಡುವೂ ಇಲ್ಲ, ಕೆಮ್ಮು ಮಾತ್ರ ಉಳಿಯುತ್ತದೆ.

ಎಂಥ ಮಹಾ ಕಲ್ಲು ಅದು, ಮೊಣಕಾಲುದ್ದದ ಒರಟು ಕಲ್ಲು, ನಲ್ಲೂರಿನ ಹುಣಸೆ ತೋಪು ದಾಟಿ ಬಂಡಿಜಾಡಿನಲ್ಲಿ ಬಲಕ್ಕೆ ತಿರುಗಿದರೆ ಸಿಗುವ ಒಂದೂವರೆ ಎಕರೆಯ ನಡುವೆ ನಿಂತಿತ್ತು, ಪಡುವಣ ಕಡೆ ಅಣ್ಣ ವೆಂಕಟರಾಮಪ್ಪನದು, ಮೂಡಣ ಕಡೆ ಪಿಳ್ಳಪ್ಪನದು, ಬಾವಿ ಅಣ್ಣನ ಕಡೆ ಹೋಯಿತಲ್ಲ, ಅದಕ್ಕೆ ತಮ್ಮನಿಗೆ ಒಂದಿಷ್ಟು ನೆಲ ಹೆಚ್ಚು, ಎಷ್ಟು ಹೆಚ್ಚು ಅಂದರೆ ಅದನ್ನು ಯಾರೂ ಬರೆದಿಡಲಿಲ್ಲ, ಬಾಯಿಮಾತಿನ ಪಾಲು, ಪಹಣಿಯಲ್ಲಿ ಇವತ್ತಿಗೂ ಇಬ್ಬರ ಹೆಸರೂ ಒಟ್ಟಿಗೇ ಇದೆ, ಎಷ್ಟು ಎಂಬುದು ಕಲ್ಲಿಗೆ ಮಾತ್ರ ಗೊತ್ತು. ಕಲ್ಲಿಗೂ ಅಲ್ಲ, ಕಲ್ಲಿನ ಕೆಳಗಿನ ಇದ್ದಲಿಗೆ. ಮೂವತ್ತು ವರ್ಷದ ಹಿಂದೆ ಪಾಲು ಮಾಡಿದ ಬೆಳಿಗ್ಗೆ ಊರ ಹಿರಿಯ ಪಾಪಯ್ಯ ಕೋಲೂರಿ ನಿಂತಿದ್ದ, ಅಣ್ಣ ಗುಣಿ ತೋಡಿದ, ತಾನು ಕಲ್ಲು ಹೊತ್ತು ತಂದ, ಅವ್ವ ಮಡಿಲಲ್ಲಿ ಮನೆಯ ಒಲೆಯ ಇದ್ದಲು ಕಟ್ಟಿಕೊಂಡು ಬಂದಳು, ಅತ್ತಿಗೆ ಮೂರು ವರ್ಷದ ರೂಪಳನ್ನು ಸೊಂಟದ ಮೇಲೆ ಕೂರಿಸಿಕೊಂಡು ಬಾವಿಯ ಹತ್ತಿರ ನಿಂತಿದ್ದಳು, ಹತ್ತಿರ ಬರಲಿಲ್ಲ, ಗಂಡಸರು ಪಾಲು ಮಾಡುವ ಕಡೆ ಸೊಸೆ ಯಾಕೆ ಅಂತ. ಅವ್ವ ಗುಣಿಯೊಳಗೆ ಇದ್ದಲು ಸುರಿದಳು, ಮರ ಹಾಕಿದ್ರೆ ಕೊಳೀತದೆ, ಕಬ್ಬಿಣ ಹಾಕಿದ್ರೆ ತುಕ್ಕು ತಿಂತದೆ, ಇದ್ದಲು ಕೊಳೆಯಲ್ಲ ಕಣ್ರೋ, ನಾಳೆ ಕಲ್ಲು ಸುಳ್ಳು ಹೇಳಿದ್ರೂ ಇದು ಹೇಳಲ್ಲ ಅಂದಳು. ಪಾಪಯ್ಯ ಹೂಂಗುಟ್ಟಿದ. ಆಮೇಲೆ ಅವ್ವ ಎದ್ದು ನಿಂತಳು, ಕೈಯೆಲ್ಲ ಕಪ್ಪು, ಇಬ್ಬರು ಮಕ್ಕಳನ್ನೂ ನೋಡಿದಳು, ಏನನ್ನಿಸಿತೋ, ಯಾರ ಕಣ್ಣೂ ಬೀಳದಿರ್ಲಿ ನನ್ ಮಕ್ಕಳ ಮೇಲೆ ಅಂದು ಆ ಕರೀ ಬೆರಳನ್ನು ಮೊದಲು ಅಣ್ಣನ ಕೆನ್ನೆಗೆ, ಆಮೇಲೆ ಪಿಳ್ಳಪ್ಪನ ಕೆನ್ನೆಗೆ ಒತ್ತಿದಳು, ಮೀಸೆ ಬಂದ ಗಂಡಸರು ಇಬ್ಬರೂ, ಕೆನ್ನೆಯಲ್ಲಿ ಎಳೆಮಕ್ಕಳ ಹಾಗೆ ದೃಷ್ಟಿಬೊಟ್ಟು, ಬಾವಿಯ ಹತ್ತಿರ ಅತ್ತಿಗೆ ಸೆರಗು ಬಾಯಿಗಿಟ್ಟುಕೊಂಡು ನಕ್ಕಿದ್ದು ಇಲ್ಲಿಗೆ ಕೇಳಿಸಿತ್ತು. ಆ ಬೊಟ್ಟು ಇಟ್ಟುಕೊಂಡೇ ಅಣ್ಣತಮ್ಮಂದಿರು ನಲ್ಲೂರಿಗೆ ಹೋಗಿ ಟೀ ಕುಡಿದು ಬಂದರು, ಹೋಟೆಲಿನವನು ಏನ್ ಗುರು ಇದು ಅಂತ ಕೇಳಿದರೆ ಅಣ್ಣ, ನಾವು ಚೆನ್ನಾಗಿದೀವಿ ಅಂತ ಅವ್ವ ಸೀಲ್ ಹೊಡ್ದಿದಾಳೆ ಅಂದ.

ಎರಡನೆಯ ಹೆಸರು ಕೂಗಿದರು, ಯಾರೋ ಹೆಂಗಸು ಎದ್ದಳು, ವಕೀಲರು ಎದ್ದರು, ಫ್ಯಾನು ತಿರುಗುತ್ತಿದೆ. ಕದಿಯಬೇಕು ಅಂತ ಸರಿಸಿದ್ದಲ್ಲ, ದೇವರಾಣೆಗೂ ಅಲ್ಲ, ಯಾವ ದೇವರ ಮೇಲೆ ಆಣೆ ಇಡಲಿ, ಘಾಟಿ ಸುಬ್ರಹ್ಮಣ್ಯನ ಹೆಸರೆತ್ತಲು ನಾಲಿಗೆ ಹೊರಳುತ್ತಿಲ್ಲ, ಆದರೂ ನಿಜ, ಕದಿಯಬೇಕು ಅಂತಲ್ಲ. ಅಣ್ಣ ತೀರಿಹೋದ ವರ್ಷ ಅದು, ಹದಿಮೂರು ವರ್ಷವಾಯಿತು, ಅತ್ತಿಗೆ ಮಗಳನ್ನು ಕಟ್ಟಿಕೊಂಡು ಮಗ್ಗದ ಕೆಲಸಕ್ಕೆ ದೊಡ್ಡಬಳ್ಳಾಪುರ ಸೇರಿದಳು, ಹೊಲ ನೀನೇ ಮಾಡ್ಕೊಂಡು ಹೋಗಪ್ಪ, ರಾಗಿ ಬಂದಷ್ಟರಲ್ಲಿ ನಮಗೂ ಒಂದು ಚೀಲ ಕಳ್ಸು ಅಂದಳು, ವರ್ಷಾವರ್ಷ ಕಳಿಸಿದ್ದೇನಲ್ಲ, ಒಂದಲ್ಲ ಎರಡು ಚೀಲ ಕಳಿಸಿದ ವರ್ಷವೂ ಉಂಟು, ಹುಣಸೆಹಣ್ಣು ಕಳಿಸಿದ್ದೇನೆ, ಅವರೆಕಾಯಿ ಕಳಿಸಿದ್ದೇನೆ — ಯಾರಿಗೆ ಹೇಳುತ್ತಿದ್ದೀಯ ಇದನ್ನೆಲ್ಲ, ಯಾರು ಕೇಳಿದರು. ಬಾಡಿಗೆ ಟ್ರ್ಯಾಕ್ಟರು ತಂದು ತಾನೇ ಓಡಿಸುತ್ತಿದ್ದ, ಬಂಡಿಜಾಡಿನಿಂದ ಹೊಲಕ್ಕೆ ಇಳಿಯುವ ಕಡೆ ತನ್ನ ಮಗ್ಗುಲಲ್ಲಿ ಒಂದು ಬಂಡೆ, ಆ ಬಂಡೆಗೂ ಕಲ್ಲಿಗೂ ನಡುವೆ ಟ್ರ್ಯಾಕ್ಟರು ನುಗ್ಗುವಷ್ಟು ಜಾಗವಿಲ್ಲ, ಹಿಂದೆ ಮುಂದೆ ಮಾಡುವಾಗ ಚಕ್ರ ತಾಗಿ ಕಲ್ಲು ಉರುಳಿತು. ಇಳಿದು ನೋಡಿದ, ಕಲ್ಲಿದ್ದ ಗುಣಿಯಲ್ಲಿ ಇದ್ದಲು ಕಂಡಿತು, ಕರ್ರಗೆ, ನಿನ್ನೆ ತಾನೇ ಒಲೆಯಿಂದ ತೆಗೆದಂತೆ, ಮುಟ್ಟಲಿಲ್ಲ, ಕಾಲಿನಿಂದ ಮಣ್ಣು ತಳ್ಳಿ ಮುಚ್ಚಿದ. ಮಲಗಿದ ಗಡಿಕಲ್ಲು ಒಳ್ಳೆಯದಲ್ಲ, ಎಲ್ಲಾದರೂ ಒಂದು ಕಡೆ ನಿಲ್ಲಿಸಬೇಕು, ಹತ್ತು ಹೆಜ್ಜೆ ಪಡುವಣಕ್ಕೆ ಉರುಳಿಸಿಕೊಂಡು ಹೋಗಿ ನೆಟ್ಟ, ಸುಗ್ಗಿ ಕಳೆಯಲಿ, ವಾಪಸ್ಸು ನೆಟ್ಟರಾಯಿತು, ಎರಡೂ ಕಡೆ ಉಳುವವನು ತಾನೇ ತಾನೆ, ಯಾವ ಕಡೆ ಇದ್ದರೇನು. ಸುಗ್ಗಿ ಕಳೆಯಿತು. ಹದಿಮೂರು ಸುಗ್ಗಿ ಕಳೆಯಿತು. ನಾಳೆ ನಾಳೆ ಅಂದರೆ ಮನೆ ಹಾಳು ಅಂತ ಅವ್ವ ಸುಮ್ಮನೆ ಹೇಳುತ್ತಿದ್ದಳೇ.

ಅದರ ನಡುವೆಯೇ, ಐದು ವರ್ಷದ ಹಿಂದೆ, ನೋಟೀಸು ಬಂತು. ಊರಿನ ಗೋಡೆಗೆಲ್ಲ ಅಂಟಿಸಿದರು, ಸರ್ವೆ ನಂಬರು ಸಮೇತ, ರಾತ್ರೋರಾತ್ರಿ ಅನ್ನುವ ಹಾಗೆ ರಾಗಿ ಹೊಲಕ್ಕೆಲ್ಲ ಬಂಗಾರದ ಬೆಲೆ, ಎಷ್ಟೋ ವರ್ಷದಿಂದ ಮಾತು ಬಿಟ್ಟಿದ್ದವರೆಲ್ಲ ಜಂಟಿ ಖಾತೆಯ ನೆಪದಲ್ಲಿ ಮನೆಗೆ ಬಂದು ಕಾಫಿ ಕುಡಿದು ಹೋದರು. ಆಗಲಾದರೂ ಹೋಗಿ ಕಲ್ಲನ್ನು ವಾಪಸ್ಸು ನೆಡಬೇಕಿತ್ತು, ಒಂದು ದಿನದ ಕೆಲಸವಲ್ಲ, ಒಂದು ಗಂಟೆಯದು, ಹೋಗಿದ್ದ ಕೂಡ, ಹಾರೆ ಹಿಡಿದುಕೊಂಡೇ ಹೋಗಿದ್ದ, ಕಲ್ಲಿನ ಹತ್ತಿರ ನಿಂತು ಬಂಡೆಯ ಕಡೆ ನೋಡಿದ, ಆ ಹತ್ತು ಹೆಜ್ಜೆ ನೆಲ ಮೊದಲ ಸಲ ಅಗಲವಾಗಿ ಕಂಡಿತು, ಹಾರೆ ಹೆಗಲಿಗಿಟ್ಟುಕೊಂಡು ವಾಪಸ್ಸು ಬಂದ. ಅವತ್ತೇ ಕಳ್ಳನಾದದ್ದು, ಟ್ರ್ಯಾಕ್ಟರಿನ ದಿನವಲ್ಲ, ಹಾರೆಯ ದಿನ. ಸರ್ವೆಯವರು ಬಂದು ಚೈನು ಎಳೆಯುವಾಗ ನಿಮ್ದು ಎಲ್ಲಿಗಪ್ಪಾ ಅಂದರು, ಅಲ್ಲಿ ಕಲ್ಲೈತಲ್ಲ ಸಾರ್ ಅಂದ, ಅಷ್ಟೇ ಅಂದದ್ದು, ಅದರಲ್ಲಿ ಸುಳ್ಳೇನಿದೆ, ಕಲ್ಲು ಅಲ್ಲಿ ಇಲ್ಲವೇ. ಇವತ್ತಿನವರೆಗೆ ಒಂದು ಸುಳ್ಳನ್ನೂ ಹೇಳಿಲ್ಲ, ಅದೊಂದು ಹೆಮ್ಮೆ ಬೇರೆ. ಪಂಚಾಯಿತಿಯ ನೀರುಗಂಟಿ ಅವನು, ಇಪ್ಪತ್ತೆರಡು ವರ್ಷದಿಂದ ಬೀದಿ ಬೀದಿಗೆ ವಾಲ್ವು ತಿರುಗಿಸಿ ನೀರು ಬಿಟ್ಟವನು, ಮೇಲಿನ ಬೀದಿಗೆ ಅರ್ಧ ಗಂಟೆಯಾದರೆ ಕೆಳಗಿನ ಬೀದಿಗೂ ಅರ್ಧ ಗಂಟೆ, ಮೆಂಬರ್ ಮನೆಯವರು ಬೈದರೂ ಒಂದು ಬಿಂದಿಗೆ ಹೆಚ್ಚಿಗೆ ಬಿಟ್ಟವನಲ್ಲ, ಪಿಳ್ಳಪ್ಪನ ಅಳತೆ ತಪ್ಪಲ್ಲ ಅಂತ ಊರೇ ಹೇಳುತ್ತದೆ, ಹೇಳಿದಾಗೆಲ್ಲ ಹತ್ತು ಹೆಜ್ಜೆ ನೆನಪಾಗುತ್ತದೆ, ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ, ಇವನು ಕೆನ್ನೆ ಮುಟ್ಟಿಕೊಳ್ಳುತ್ತಾನೆ. ಕೈ ಇಳಿಸು, ವಿಜಯ್ ನೋಡುತ್ತಿದ್ದಾನೆ, ಏನಪ್ಪಾ ಹಲ್ಲುನೋವಾ ಅಂದ, ಗಡ್ಡ ಹೆರೆದ ಉರಿ ಅಂದ.

ರೂಪ ಮಾತ್ರ ಒಪ್ಪಿರಲಿಲ್ಲ. ಸಣ್ಣವಳಿದ್ದಾಗ ಅಪ್ಪನ ಬುತ್ತಿ ತಗೊಂಡು ಹೊಲಕ್ಕೆ ಬರುತ್ತಿದ್ದಳು, ಬಾವಿಯಿಂದ ಕಲ್ಲಿನವರೆಗೆ ಹೆಜ್ಜೆ ಎಣಿಸುವುದು ಅವಳ ಆಟ, ನಲವತ್ತೆಂಟು ಹೆಜ್ಜೆ, ಯಾವತ್ತೂ ನಲವತ್ತೆಂಟೇ, ನಲವತ್ತೆಂಟಾದ ಕೂಡಲೇ ಕಲ್ಲಿನ ಮೇಲೆ ಹತ್ತಿ ಚಿಕ್ಕಪ್ಪಾ ಅಂತ ಕೂಗುತ್ತಿದ್ದಳು, ಪಿಳ್ಳಪ್ಪ ಎಲ್ಲಿದ್ದರೂ ಓ ಅನ್ನಬೇಕು, ಅನ್ನದಿದ್ದರೆ ಇಳಿಯುತ್ತಿರಲಿಲ್ಲ. ತಕರಾರು ಎದ್ದ ಮೇಲೆ ಒಂದು ದಿನ ಎರಡು ಕಡೆಯ ವಕೀಲರೂ ಹೊಲಕ್ಕೆ ಬಂದಿದ್ದರು, ರೂಪ ಬಾವಿಯಿಂದ ನಡೆದಳು, ಎಲ್ಲರೂ ನೋಡುತ್ತಿದ್ದರು, ಇಪ್ಪತ್ನಾಲ್ಕಕ್ಕೆ ಕಲ್ಲು ಬಂತು, ನಿಂತಳು, ಇಲ್ಲ ಸಾರ್ ಇದು ಆ ಜಾಗ ಅಲ್ಲ, ನಲವತ್ತೆಂಟಿತ್ತು, ನಂಗೆ ಗ್ಯಾನ ಐತೆ ಅಂದಳು. ಆಗ ಪಿಳ್ಳಪ್ಪನ ಬಾಯಿಂದಲೇ ಬಂತು, ಬಲು ಅಕ್ಕರೆಯಿಂದ ಬಂತು, ಅವಾಗ ನೀನು ಮಗು ಕಣವ್ವ, ಮಗು ಹೆಜ್ಜೆ ಚಿಕ್ಕದು, ಈಗ ದೊಡ್ಡೋಳಾಗಿದೀಯ ಅಂದ. ವಕೀಲರು ಇಬ್ಬರೂ ನಕ್ಕರು, ಅವಳ ವಕೀಲನೂ ನಕ್ಕ. ಅದೂ ಸುಳ್ಳಲ್ಲ ನೋಡಿ, ಮಗುವಿನ ಹೆಜ್ಜೆ ಚಿಕ್ಕದು ಅನ್ನುವುದು ಯಾವ ಕೋರ್ಟಿನಲ್ಲಾದರೂ ನಿಲ್ಲುವ ಮಾತು. ರೂಪ ನಗಲಿಲ್ಲ, ಕಲ್ಲನ್ನು ನೋಡಿದಳು, ಚಿಕ್ಕಪ್ಪನನ್ನು ನೋಡಿದಳು, ತನ್ನ ಕಾಲನ್ನು ನೋಡಿಕೊಂಡಳು, ತನ್ನ ನೆನಪಿನ ಮೇಲೆ ಅವಳಿಗೇ ಅನುಮಾನ ಬಂದದ್ದು ಮುಖದ ಮೇಲೆ ಕಂಡಿತು, ಅದನ್ನು ನೋಡಿದವನು ಪಿಳ್ಳಪ್ಪ, ನೋಡಿ ಸುಮ್ಮನಿದ್ದವನು ಪಿಳ್ಳಪ್ಪ. ಅವತ್ತು ಊಟ ಸೇರಲಿಲ್ಲ. ಹೆಂಡತಿ ಮುನಿರತ್ನಮ್ಮ ತಟ್ಟೆ ಎತ್ತಿಕೊಂಡು ಹೋಗುವಾಗ ಏನೂ ಕೇಳಲಿಲ್ಲ, ಅವಳು ಯಾವತ್ತೂ ಕೇಳಿಲ್ಲ, ಕಲ್ಲು ಉರುಳಿದ ವರ್ಷ ರಾಗಿ ಬಿತ್ತಲು ಜೊತೆಗೆ ಬಂದವಳು ಅವಳೇ ಅಲ್ಲವೇ, ಕಣ್ಣಿಲ್ಲವೇ ಅವಳಿಗೆ, ಇವತ್ತು ಬೆಳಿಗ್ಗೆ ಮಾತ್ರ ನೀವೋಗ್ಬನ್ನಿ, ನಾನ್ ಬರಲ್ಲ, ಅಕ್ಕನ ಮುಖ ಯಾವ ಕಣ್ಣಲ್ಲಿ ನೋಡ್ಲಿ ಅಂದು ಒಳಗೆ ಹೋದಳು.

ಮೂರನೆಯ ಹೆಸರು. ಇನ್ನೊಂದು. ಇದ್ದಲು ತೆಗೆಸಿ ನೋಡೋಣ ಅಂತ ರೂಪಳ ವಕೀಲನೇ ಹೇಳಿದ್ದ ಹೋದ ತಿಂಗಳು, ಹಳ್ಳಿಗಳಲ್ಲಿ ಗಡಿಕಲ್ಲಿನ ಕೆಳಗೆ ಹಾಕಿರ್ತಾರಲ್ಲಮ್ಮ, ಕೋರ್ಟ್ ಕಮಿಷನರನ್ನ ಕರೆಸಿ ಅಗೆಸಿದ್ರೆ ಒಂದೇ ದಿನದಲ್ಲಿ ಇತ್ಯರ್ಥ ಅಂದಿದ್ದ, ಪಿಳ್ಳಪ್ಪ ಮುಗಿಯಿತು ಅಂದುಕೊಂಡ, ಎಲ್ಲೋ ಒಂದು ಕಡೆ ಮುಗಿಯಲಿ ಅಂತಲೂ ಅಂದುಕೊಂಡ, ಬೇರೆ ಯಾರಾದರೂ ಅಗೆದು ತೆಗೆಯಲಿ, ತನ್ನ ಬಾಯಿಂದ ಬರುವುದು ತಪ್ಪಲಿ. ಬೇಡ ಅಂದವಳು ಅತ್ತಿಗೆ. ತಮ್ಮ ಕಡೆ ಅದೊಂದು ರಿವಾಜು, ಇದ್ದಲು ಅಗೆಸುವುದು ಅಂದರೆ ಅಣ್ಣತಮ್ಮಂದಿರ ಮನೆಗಳ ನಡುವೆ ಋಣ ಹರಿಯಿತು ಅಂತ, ಆಮೇಲೆ ಮದುವೆಗೂ ಹೋಗುವ ಹಾಗಿಲ್ಲ, ಮಣ್ಣಿಗೂ ಹೋಗುವ ಹಾಗಿಲ್ಲ, ಇದ್ದಲು ತೆಗ್ಸೋದು ಅಂದ್ರೆ ನಮ್ ಪಿಳ್ಳನ್ನ ಕಳ್ಳ ಅಂದಂಗೆ ಸ್ವಾಮಿ, ನಾನ್ ಅನ್ನಲ್ಲ ಅಂದಳಂತೆ, ಮದುವೆಯಾಗಿ ಬಂದಾಗ ಎಂಟು ವರ್ಷದ ಹುಡ್ಗ ಅವ್ನು, ನನ್ ಕೈತುತ್ತು ತಿಂದೋನು, ಅವ್ನು ಯಾವ್ದು ಗಡಿ ಅಂತಾನೋ ಅದೇ ಗಡಿ, ಬರ್ಕಳಿ ಅಂದಳಂತೆ. ತನ್ನ ವಕೀಲ ಬಂದು ನಗುತ್ತ ಹೇಳಿದ, ನಿಮ್ಮ ಅತ್ತಿಗೆ ಕೇಸು ನಿಮ್ಮ ಕೈಗೆ ಕೊಟ್ಟುಬಿಟ್ರಲ್ಲ ಪಿಳ್ಳಪ್ಪನೋರೆ. ಕೈಗೆ ಕೊಟ್ಟಳು. ಬೈದಿದ್ದರೆ ತಡೆದುಕೊಳ್ಳಬಹುದಿತ್ತು, ಮಣ್ಣು ತೂರಿ ಶಾಪ ಹಾಕಿದ್ದರೆ ಇನ್ನೂ ಸಲೀಸು, ನೀನೂ ಬೈದೆ ನಾನೂ ತಿಂದೆ ಅಂತ ಸರಿಹೋಗುತ್ತಿತ್ತು, ಇದನ್ನೇನು ಮಾಡುವುದು, ಈ ನಂಬಿಕೆಯನ್ನು ಯಾವ ಗುಂಟೆಯಲ್ಲಿ ಹೂಳುವುದು.

ಆ ಬಾವಿಯಲ್ಲೇ ಅಣ್ಣ ಈಜು ಕಲಿಸಿದ್ದು, ಒಣಗಿದ ಸೋರೆಬುರುಡೆ ಬೆನ್ನಿಗೆ ಕಟ್ಟಿ, ಸೊಂಟಕ್ಕೆ ಹಗ್ಗ ಬಿಗಿದು, ಮುಳುಗಲ್ಲ ಕಣೋ, ಹಗ್ಗ ನನ್ ಕೈಲೈತೆ, ದುಮುಕು ಅನ್ನುತ್ತಿದ್ದ, ಹಗ್ಗದ ಇನ್ನೊಂದು ತುದಿ ಯಾವಾಗಲೂ ಅಣ್ಣನ ಕೈಯಲ್ಲೇ ಇತ್ತು, ಆಸ್ಪತ್ರೆಯಲ್ಲಿ ಕೊನೆಗೆ ಮಾತು ನಿಂತ ಮೇಲೂ ಪಿಳ್ಳಪ್ಪನ ಮಣಿಕಟ್ಟು ಹಿಡಿದೇ ಇದ್ದ, ಅತ್ತಿಗೆಯ ಕಡೆ ನೋಡಿ ಪಿಳ್ಳಪ್ಪನ ಕಡೆ ನೋಡಿದ, ಇನ್ನೇನು ಹೇಳಬೇಕಿತ್ತು, ಅದಕ್ಕಿಂತ ದೊಡ್ಡ ಬಾಯಿಮಾತು ಇದೆಯೇ. ಅದಾಗಿ ಮೂರು ತಿಂಗಳಿಗೆ ಟ್ರ್ಯಾಕ್ಟರು. ಹೇಳಿಬಿಡು, ಇಷ್ಟೇ, ಅತ್ತಿಗೆಮ್ಮಾ ಕಲ್ಲು ನಾನು ಸರಿಸಿದ್ದು, ನಾಲ್ಕೇ ನಾಲ್ಕು ಪದ, ಬಸ್ಸಿನಲ್ಲಿ ಬರುವಾಗ ಕಿಟಕಿಯ ಕಡೆ ಮುಖ ಮಾಡಿಕೊಂಡು ಹತ್ತಾರು ಸಲ ಹೇಳಿದ್ದಾನೆ, ಬಸ್ ಸ್ಟ್ಯಾಂಡಿನಲ್ಲಿ ಪಿನ್ನು ಹಾಕುವಾಗ ಮುಖ ಅಷ್ಟು ಹತ್ತಿರ ಇತ್ತಲ್ಲ ಆಗ ಹೇಳಬಹುದಿತ್ತು, ಅತ್ತಿಗೆಮ್ಮಾ ವರೆಗೂ ಬಂತು, ಅಲ್ಲಿಂದ ಮುಂದೆ ತುಕ್ಕು ಹಿಡಿದ ವಾಲ್ವು, ತಿರುಗಿಸಿದಷ್ಟೂ ಬಿಗಿ. ವಿಜಯ್ ಏನನ್ನುತ್ತಾನೆ, ಊರು ಏನನ್ನುತ್ತದೆ, ನಾಳೆಯಿಂದ ಯಾವ ಬೀದಿಯಲ್ಲಿ ನೀರು ಬಿಡಲು ಹೋಗಲಿ. ಮುಂದಿನ ತಿಂಗಳು ಜೆಸಿಬಿ ಬರುತ್ತದೆ, ಬಂಡೆ, ಬಾವಿ, ಕಲ್ಲು, ಇದ್ದಲು ಎಲ್ಲ ಒಂದೇ ಗುಡ್ಡೆ, ಆಮೇಲೆ ಯಾರಿಗೂ ಗೊತ್ತಾಗುವುದಿಲ್ಲ, ಯಾರಿಗೂ — ಅವ್ವ ಆ ಗುಡ್ಡೆಯ ಮುಂದೆ ಮಡಿಲು ಬಿಚ್ಚಿಕೊಂಡು ನಿಂತಿದ್ದಾಳೆ, ಕೈಯೆಲ್ಲ ಕಪ್ಪು, ಬೆರಳು ಮುಂದೆ ಬರುತ್ತಿದೆ, ಬೇಡವ್ವ.

ಕೂಗಿದರು. ಪಿಳ್ಳಪ್ಪ, ದ್ಯಾವಮ್ಮ. ಎದ್ದ, ಕಾಲು ಜೋಮು ಹಿಡಿದಿತ್ತು, ವಿಜಯ್ ತೋಳು ಹಿಡಿದ, ಮೇಜಿನ ಆಚೆ ಜಡ್ಜಮ್ಮ, ಕನ್ನಡಕದ ಹೆಂಗಸು, ಮಗಳ ವಯಸ್ಸಿನವರು, ಒಳ್ಳೆಯ ಮುಖ, ಕಾಗದ ಓದಿದರು, ಅತ್ತಿಗೆ ಮೈದುನ ಅಲ್ವಾ, ಬಹಳ ಒಳ್ಳೇದು, ಹೊಡೆದಾಡ್ಕೊಂಡು ದುಡ್ಡು ಕೋರ್ಟಲ್ಲೇ ಕೊಳೀತಾ ಇರುತ್ತೆ, ನಿಮ್ಮ ಥರ ಎಲ್ಲರೂ ಇರಲ್ಲ ಅಂದರು, ನೀವು ಕುಟುಂಬದ ಹಿರಿಯರು ಪಿಳ್ಳಪ್ಪನವರೇ, ಒಂದು ಮಾತು ನಿಮ್ಮ ಬಾಯಲ್ಲೇ ಕೇಳ್ತೀನಿ, ಆ ಗಡಿಕಲ್ಲು ನಿಮ್ಮ ತಾಯಿ ನಿಂತು ನೆಡಿಸಿದ ಜಾಗದಲ್ಲೇ ಇದೆಯಾ. ಫ್ಯಾನು. ಯಾರೋ ಚಪ್ಪಲಿ ಎಳೆದರು. ಅತ್ತಿಗೆ ಪಕ್ಕದಲ್ಲೇ ನಿಂತಿದ್ದಾಳೆ, ಅವಳು ಇವನನ್ನು ನೋಡುತ್ತಲೂ ಇಲ್ಲ, ನೋಡುವ ಅಗತ್ಯವೇ ಇಲ್ಲದವಳ ಹಾಗೆ ಗೋಡೆಯ ಕ್ಯಾಲೆಂಡರು ನೋಡುತ್ತಿದ್ದಾಳೆ, ರೂಪ ಮಾತ್ರ ಈಗ ನೋಡುತ್ತಿದ್ದಾಳೆ, ನೆಟ್ಟ ನೋಟ, ಕಲ್ಲಿನ ಮೇಲೆ ಹತ್ತಿ ಚಿಕ್ಕಪ್ಪಾ ಅಂತ ಕೂಗಿ ಓ ಅನ್ನುವುದನ್ನು ಕಾಯುತ್ತಿದ್ದ ಕಣ್ಣು ಅವೇ — ಹೌದು ಮೇಡಂ ಅಂದ. ಯಾರು ಅಂದದ್ದು. ತಾನೇ. ಇಷ್ಟು ದಿನ ಜೋಪಾನವಾಗಿ ಕಾಪಾಡಿಕೊಂಡು ಬಂದ ಮೊದಲ ಸುಳ್ಳು, ನುಣ್ಣಗೆ ಬಂತು, ಗಂಟಲಿಗೆ ತಾಗಲೂ ಇಲ್ಲ. ರೂಪ ಕಣ್ಣು ಕೆಳಗೆ ಮಾಡಿದಳು. ಪೆನ್ನು ಕೊಟ್ಟರು, ಸಹಿ ಹಾಕಿದ, ನೀರುಗಂಟಿ ಕೆಲಸಕ್ಕೆ ಸೇರಿದಾಗ ಕಲಿತ ಸಹಿ.

ಈಗ ಅತ್ತಿಗೆ. ಇಂಕ್ ಪ್ಯಾಡು ಅವಳ ಮುಂದೆ ಸರಿಯಿತು, ಮುಚ್ಚಳ ತೆರೆಯಿತು, ಟಪ್, ಗುಮಾಸ್ತ ಅವಳ ಹೆಬ್ಬೆಟ್ಟು ಹಿಡಿದು ಮಸಿಗೆ ಒತ್ತಿದ, ನೂಲಿನ ಗೆರೆ ಬಿದ್ದು ಸವೆದ ಹೆಬ್ಬೆಟ್ಟು, ಕಪ್ಪಾಯಿತು, ಕಾಗದದ ಮೇಲೆ ಬಂತು, ಇನ್ನೂ ಮುಟ್ಟಿಲ್ಲ, ಇನ್ನೂ ನಾಲ್ಕು ಬೆರಳು ಅಂತರವಿದೆ, ಈಗ, ಈಗ ಹೇಳಿದರೆ ಇನ್ನೂ ಆಗುತ್ತದೆ, ಸಹಿ ಹೊಡೆದುಹಾಕಬಹುದು, ಕಾಗದ ಹರಿಯಬಹುದು — ಅತ್ತಿಗೆಮ್ಮಾ ಅಂದ, ಬಂದೇಬಿಟ್ಟಿತು ಬಾಯಿಂದ, ಇಡೀ ಕೋಣೆಗೆ ಕೇಳಿಸುವಷ್ಟು ಜೋರಾಗಿ. ಅವಳ ಕೈ ನಿಂತಿತು. ತಿರುಗಿದಳು, ಏನ್ಲಾ ಪಿಳ್ಳ ಅಂದಳು. ಕಲ್ಲು. ಕಲ್ಲು ನಾನು, ಹಲ್ಲಿನ ಹಿಂದೆಯೇ ನಿಂತಿದೆ. ಮೂರು ಪದ ಉಳಿದಿವೆ, ಮೂರೇ, ಪಿನ್ನು ಎದೆಗೆ ಚುಚ್ಚುತ್ತಿದೆ, ಜಡ್ಜಮ್ಮ ಕನ್ನಡಕದ ಮೇಲಿಂದ ನೋಡುತ್ತಿದ್ದಾರೆ, ವಿಜಯ್ ಹಿಂದಿನಿಂದ ಅಪ್ಪಾ ಅಂದ, ಸೆರಗು, ಅಂದ ಪಿಳ್ಳಪ್ಪ, ಸೆರಗು ಹುಷಾರು, ಮಸಿ ಆಯ್ತದೆ. ಅಯ್ಯೋ ಅಷ್ಟೇನಾ, ನೋಡಿದ್ರಾ ಮೇಡಂ, ನನ್ ಸೀರೆ ಮೇಲೂ ಕಣ್ಣಿಟ್ಟಿರ್ತಾನೆ ಅಂದು ಅವಳು ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಳು, ಒತ್ತಿದಳು. ಒತ್ತಿ, ಚೆನ್ನಾಗಿ ಒತ್ತಿ ಅಂದ ಗುಮಾಸ್ತ, ಚೆನ್ನಾಗಿಯೇ ಒತ್ತಿದಳು, ತೆಗೆದಳು, ಕಾಗದದ ಮೇಲೆ ಅವಳ ಹೆಬ್ಬೆಟ್ಟು ದುಂಡಗೆ ಕಪ್ಪಗೆ ಕೂತಿತು, ಎಲ್ಲರೂ ಉಸಿರು ಬಿಟ್ಟರು. ಮಸಿಯನ್ನು ತಲೆಗೆ ಉಜ್ಜಿಕೊಳ್ಳಲು ಕೈ ಎತ್ತಿದವಳು ಅರ್ಧಕ್ಕೇ ನಿಲ್ಲಿಸಿದಳು, ಪಿಳ್ಳಪ್ಪನನ್ನು ನೋಡಿದಳು, ಏನೋ ನೆನೆದುಕೊಂಡು ಮುಖವೆಲ್ಲ ನಗುವಾಯಿತು, ಅವತ್ತು ಬಾವಿಯ ಹತ್ತಿರ ನಕ್ಕಿದ್ದಳಲ್ಲ ಅದೇ ನಗು, ಅತ್ತೆ ಇದ್ದಿದ್ರೆ ಇವತ್ತು ಬಿಡ್ತಿದ್ರಾ, ನಮ್ ಮನೆ ಜಗಳ ಮುಗೀತು ಕಣೋ, ಊರ ಕಣ್ಣೆಲ್ಲ ನಮ್ ಮೇಲೇ ಐತೆ, ಬಾ ಇಲ್ಲಿ, ಗಲ್ಲ ಎತ್ತು — ಜಡ್ಜಮ್ಮ ನಕ್ಕರು, ಗುಮಾಸ್ತ ನಕ್ಕ, ವಿಜಯ್ ಮೊಬೈಲು ಎತ್ತಿ ಫೋಟೋಗೆ ಹಿಡಿದ, ಪಿಳ್ಳಪ್ಪನಿಗೆ ಹಿಂದೆ ಸರಿಯಲು ಜಾಗವಿಲ್ಲ, ಗಲ್ಲ ತನ್ನಷ್ಟಕ್ಕೆ ತಾನೇ ಮೇಲೆದ್ದಿತು, ಕಲ್ಲಿನಿಂದ ಹತ್ತು ಹೆಜ್ಜೆ, ಮಣ್ಣಿನ ಕೆಳಗೆ ಅದು ಹಾಗೇ ಇದೆ, ಕರ್ರಗೆ, ನಿನ್ನೆ ತಾನೇ ಒಲೆಯಿಂದ ತೆಗೆದಂತೆ, ಬೇಡ ಅತ್ತಿಗೆಮ್ಮಾ, ಬೇಡವ್ವಾ, ಕರೀ ಬೆರಳು ಹತ್ತಿರ ಬಂತು, ತಣ್ಣಗೆ, ಕೆನ್ನೆಯ ಮೇಲೆ, ಕರೀ ಬೆರಳು